ಹವೇಲಿಯ ಗೋಡೆ, ಕೇರಿಯ ಗೋಡೆ: ಎಂ.ಎಸ್. ಸತ್ಯು ಕಟ್ಟಿದ್ದು, ಕಟ್ಟದೆ ಬಿಟ್ಟಿದ್ದು

ಸಿನಿಮಾ ನೋಡಿ ಬಂದವರನ್ನು ಕೇಳಿ ನೋಡಿ. ಹೀರೋ ಯಾರು, ಹಾಡು ಹೆಂಗಿದೆ, ಫೈಟು ಎಷ್ಟಿದೆ ಅಂತ ಹೇಳ್ತಾರೆ. ಒಂದಿಷ್ಟು ಓದಿಕೊಂಡವರಾದರೆ ನಿರ್ದೇಶಕನ ಹೆಸರನ್ನೂ ಹೇಳ್ತಾರೆ. ಆದರೆ ಆ ಚಿತ್ರದಲ್ಲಿ ಕಂಡ ಮನೆಯನ್ನು ಯಾರು ಕಟ್ಟಿದರು, ಆ ಗೋಡೆಗೆ ಮಸಿ ಯಾರು ಬಳಿದರು, ಬಡವನ ಗುಡಿಸಲ ಮೂಲೆಯಲ್ಲಿ ಆ ಮಡಕೆಯನ್ನು ಯಾರು ತಂದಿಟ್ಟರು ಅಂತ ಯಾರೂ ಕೇಳುವುದಿಲ್ಲ. ನಮ್ಮ ವಿಮರ್ಶಕರೂ ಕೇಳಿಲ್ಲ. ಕತೆ, ಆಶಯ, ಸಂಕೇತ, ಪ್ರತಿಮೆ ಅಂತ ಪುಟಗಟ್ಟಲೆ ಬರೆದವರು ಗೋಡೆಯ ಹತ್ತಿರ ಹೋಗಿ ಕೈಯಿಟ್ಟು ನೋಡಿದ್ದು ಕಡಿಮೆ.

ನಮಗೆ ಇದು ಸಣ್ಣ ವಿಷಯ ಅಲ್ಲ. ಈ ದೇಶದಲ್ಲಿ ಒಬ್ಬ ಮನುಷ್ಯನ ಜಾತಿ ತಿಳಿಯೋದಕ್ಕೆ ಅವನ ಹೆಸರು ಕೇಳಬೇಕಾಗಿಲ್ಲ, ಅವನ ಮನೆ ಎಲ್ಲಿದೆ ಅಂತ ಕೇಳಿದರೆ ಸಾಕು. ಊರು ಎಲ್ಲಿ ಮುಗಿಯುತ್ತೆ, ಕೇರಿ ಎಲ್ಲಿ ಶುರುವಾಗುತ್ತೆ, ಬಾವಿ ಯಾವ ಕಡೆಗಿದೆ, ಗಾಳಿ ಯಾವ ಕಡೆಯಿಂದ ಬೀಸುತ್ತೆ, ಇದೆಲ್ಲ ಮನು ಬರೆದ ನಕ್ಷೆ. ಸಿನಿಮಾದಲ್ಲಿ ಊರು ಕಟ್ಟುವವನು ಆ ನಕ್ಷೆಯನ್ನು ಕಣ್ಣುಮುಚ್ಚಿ ನಕಲು ಮಾಡಬಹುದು, ಇಲ್ಲಾ ಅದನ್ನು ಬಯಲಿಗೆಳೆಯಬಹುದು. ಅಂಥ ಒಬ್ಬನ ಬದುಕನ್ನು ಹಿಡಿದು ಈ ಮಾತು ಆಡಬೇಕು ಅಂತ ಬಹಳ ದಿನದಿಂದ ಅಂದುಕೊಂಡಿದ್ದೆ. ಕನ್ನಡದವರಲ್ಲಿ ಅದಕ್ಕೆ ಸಿಗುವ ದೊಡ್ಡ ಹೆಸರು ಮೈಸೂರು ಶ್ರೀನಿವಾಸ ಸತ್ಯು.

ಸತ್ಯು ಅಂದರೆ ಎಲ್ಲರೂ 'ಗರ್ಮ್ ಹವಾ' ನಿರ್ದೇಶಕ ಅಂತಾರೆ. ಸರಿಯೇ. ಆದರೆ ಅವರು ಸಿನಿಮಾಕ್ಕೆ ಬಂದದ್ದು ನಿರ್ದೇಶಕರಾಗಿ ಅಲ್ಲ. ಮನೆ ಕಟ್ಟುವವರಾಗಿ, ಬೆಳಕು ಹಚ್ಚುವವರಾಗಿ. ಇದನ್ನು ಮರೆತರೆ ಅವರ ಒಳ್ಳೇ ಚಿತ್ರ ಯಾಕೆ ಒಳ್ಳೇದು, ಸೋತ ಚಿತ್ರ ಎಲ್ಲಿ ಸೋತಿತು ಅನ್ನೋದು ತಿಳಿಯುವುದಿಲ್ಲ.

ಮೊದಲು ಈ ಕಸುಬಿನ ಬಗ್ಗೆ ಎರಡು ಮಾತು. ಕನ್ನಡದಲ್ಲಿ ಇವರಿಗೆ ಕಲಾ ನಿರ್ದೇಶಕ ಅಂತಾರೆ. ಅಮೆರಿಕದಲ್ಲಿ 1939ರ 'ಗಾನ್ ವಿತ್ ದ ವಿಂಡ್' ಚಿತ್ರಕ್ಕೆ ಕೆಲಸ ಮಾಡಿದ ವಿಲಿಯಂ ಕ್ಯಾಮೆರಾನ್ ಮೆಂಜೀಸ್‌ಗೆ 'ಪ್ರೊಡಕ್ಷನ್ ಡಿಸೈನರ್' ಅನ್ನೋ ಪದವಿ ಕೊಟ್ಟರು, ಆಮೇಲೆ ಅದು ರೂಢಿಯಾಯಿತು. (ಗುಲಾಮರನ್ನು ದುಡಿಸಿಕೊಂಡ ಜಮೀನುದಾರರ ಬಂಗಲೆಯನ್ನು ಸ್ವರ್ಗದ ಹಾಗೆ ತೋರಿಸಿದ ಚಿತ್ರ ಅದು. ಹುದ್ದೆ ಹುಟ್ಟಿದ್ದೇ ಯಾರ ಮನೆ ಕಟ್ಟೋದಕ್ಕೆ ಅಂತ ಗಮನಿಸಿ.) ನಮ್ಮ ದೇಶದಲ್ಲಿ ಈ ಕೆಲಸದ ಮರ್ಯಾದೆ ಹೆಚ್ಚಿಸಿದವರು ಬನ್ಸಿ ಚಂದ್ರಗುಪ್ತ, ಸತ್ಯಜಿತ್ ರಾಯ್ ಅವರ ಜೊತೆಗಾರ. 1956ರ 'ಅಪರಾಜಿತೊ'ದಲ್ಲಿ ಕಾಶಿಯ ಒಂದು ಹಳೇ ಮನೆಯ ಅಂಗಳವನ್ನು ಅವರು ಸ್ಟುಡಿಯೋ ಒಳಗೆ ಕಟ್ಟಿದರು. ಅಂಥ ಮನೆಗೆ ಬೆಳಕು ಬರೋದು ಆಕಾಶದಿಂದ, ಮೇಲಿನಿಂದ, ನೆರಳೇ ಬೀಳದ ಹಾಗೆ. ಸ್ಟುಡಿಯೋ ದೀಪ ಹಚ್ಚಿದರೆ ನೆರಳು ಬಿದ್ದು ಸುಳ್ಳು ಬಯಲಾಗುತ್ತೆ. ಆಗ ಛಾಯಾಗ್ರಾಹಕ ಸುಬ್ರತ ಮಿತ್ರ ಅಂಗಳದ ಮೇಲೆ ಬಿಳೀ ಬಟ್ಟೆ ಕಟ್ಟಿಸಿ, ದೀಪದ ಬೆಳಕನ್ನು ಅದಕ್ಕೆ ಬಡಿಸಿ, ಅಲ್ಲಿಂದ ಕೆಳಗೆ ಬೀಳುವಂತೆ ಮಾಡಿದರು. ಬಡ ಬ್ರಾಹ್ಮಣನ ಮನೆಗೆ ಬೆಳಕು ಹೇಗೆ ಬರುತ್ತೆ ಅಂತ ಇಷ್ಟು ತಲೆ ಕೆಡಿಸಿಕೊಂಡವರು ಇದ್ದರು. ಹೊಲೆಯನ ಮನೆಗೆ ಬೆಳಕು ಹೇಗೆ ಬರುತ್ತೆ ಅಂತ ತಲೆ ಕೆಡಿಸಿಕೊಂಡವರು ಯಾರು? ಆ ಪ್ರಶ್ನೆಯನ್ನು ಕೈಯಲ್ಲಿಟ್ಟುಕೊಂಡೇ ಮುಂದೆ ಹೋಗೋಣ.

ಸತ್ಯು 1930ರ ಜುಲೈ 6ರಂದು ಮೈಸೂರಿನಲ್ಲಿ ಹುಟ್ಟಿದರು. ಬಿ.ಎಸ್ಸಿ. ಓದುತ್ತಿದ್ದವರು 1952ರಲ್ಲಿ ಅರ್ಧಕ್ಕೆ ಬಿಟ್ಟರು. ನಮ್ಮ ಮನೆಗಳಲ್ಲಿ ಒಬ್ಬ ಹುಡುಗ ಡಿಗ್ರಿ ಅರ್ಧಕ್ಕೆ ಬಿಟ್ಟರೆ ತೋಟದ ಕೂಲಿಗೆ ಹೋಗ್ತಾನೆ. ಕಲೆ ಹುಡುಕಿಕೊಂಡು ಹೋಗುವ ಸವಲತ್ತು ಯಾರಿಗಿತ್ತು ಅಂತ ಒಂದು ಸಲ ಅನ್ನಿಸಿದ್ದು ಸುಳ್ಳಲ್ಲ. ಆದರೆ ಅವರೂ ಸುಖದಲ್ಲೇನೂ ಇರಲಿಲ್ಲ. 1952-53ರಲ್ಲಿ ಅನಿಮೇಷನ್ ಕೆಲಸ, ಆಮೇಲೆ ಸುಮಾರು ನಾಲ್ಕು ವರ್ಷ ನಿರುದ್ಯೋಗ. ಸಂಬಳ ಅಂತ ಮೊದಲು ಕಂಡದ್ದು ಚೇತನ್ ಆನಂದ್ ಅವರ ಸಹಾಯಕ ನಿರ್ದೇಶಕರಾದಾಗ.

ಅವರ ಕೈ ಪಳಗಿದ್ದು ರಂಗಭೂಮಿಯಲ್ಲಿ. ದಿಲ್ಲಿಯಲ್ಲಿ ಬೇಗಂ ಖುದ್ಸಿಯಾ ಜೈದಿ ಕಟ್ಟಿದ ಹಿಂದುಸ್ತಾನಿ ಥಿಯೇಟರ್, ಜಾಮಿಯಾ ಮಿಲಿಯಾದ ಓಖ್ಲಾ ಥಿಯೇಟರ್, ಕನ್ನಡ ಭಾರತಿ, ಇಂಥ ತಂಡಗಳಿಗೆ ಅವರು ರಂಗಸಜ್ಜಿಕೆ ಕಟ್ಟಿದರು, ಬೆಳಕು ಮಾಡಿದರು. ನಾಟಕದ ಸೆಟ್ಟು ಅಂದರೆ ಸಿನಿಮಾದ ಸೆಟ್ಟಿನ ಥರ ಅಲ್ಲ. ದುಡ್ಡಿರಲ್ಲ, ಜಾಗ ಇರಲ್ಲ, ಒಂದು ಬಾಗಿಲು ನಿಲ್ಲಿಸಿ ಇಡೀ ಅರಮನೆ ಇದೆ ಅಂತ ಜನ ನಂಬುವ ಹಾಗೆ ಮಾಡಬೇಕು. ಎಲ್ಲಿ ಬಾಗಿಲು ಇಟ್ಟರೆ ಯಾರು ಬಗ್ಗಿ ಬರಬೇಕು, ಯಾವ ಮೆಟ್ಟಿಲ ಮೇಲೆ ಯಾರು ಕೂರಬೇಕು, ಯಾರು ನಿಂತೇ ಇರಬೇಕು, ಇದು ರಂಗದ ಮೇಲೆ ಕೆಲಸ ಮಾಡಿದವನಿಗೆ ಮೈಗೆ ಹತ್ತಿದ ವಿದ್ಯೆ. ಒಂದು ಕೋಣೆ ಅಂದರೆ ಅಧಿಕಾರದ ಲೆಕ್ಕ. ಸತ್ಯು ಅದನ್ನು ಕಲಿತದ್ದು ಅಲ್ಲಿ.

ಮುಂದೆ ಮುಂಬಯಿಯ ಇಪ್ಟಾದಲ್ಲಿ ಅವರು ಆಡಿಸಿದ 'ಬಕ್ರಿ' ನೆನಪಿಗೆ ಬರುತ್ತೆ. ಸರ್ವೇಶ್ವರ ದಯಾಳ್ ಸಕ್ಸೇನಾ ಬರೆದದ್ದು. ಬಡವರ ಒಂದು ಮೇಕೆಯನ್ನು ಪುಂಡರು ಕಿತ್ತುಕೊಂಡು, ಇದು ಗಾಂಧೀಜಿಯ ಮೇಕೆ ಅಂತ ಪೂಜೆಗಿಟ್ಟು, ಅದೇ ಮೇಕೆಯ ಹೆಸರಲ್ಲಿ ಓಟು ನೋಟು ಎರಡನ್ನೂ ಬಾಚುವ ನಾಟಕ. ನೌಟಂಕಿಯ ಧಾಟಿಯದ್ದು. ಅಂಥ ನಾಟಕಕ್ಕೆ ದೊಡ್ಡ ಸೆಟ್ಟು ಬೇಕಾಗಿಲ್ಲ, ಒಂದು ಮೇಕೆ ಸಾಕು. ನಮ್ಮ ಬೀದಿನಾಟಕದ ಹುಡುಗರು ಇದನ್ನು ನೆನೆಯಬೇಕು.

ಸ್ವತಂತ್ರ ಕಲಾ ನಿರ್ದೇಶಕರಾಗಿ ಅವರ ಮೊದಲ ಚಿತ್ರ ಚೇತನ್ ಆನಂದರ 'ಹಕೀಕತ್', 1964. 1962ರ ಚೀನಾ ಯುದ್ಧದ ಕತೆ. ಆ ಕೆಲಸಕ್ಕೆ ಅವರಿಗೆ ಫಿಲ್ಮ್‌ಫೇರ್ ಪ್ರಶಸ್ತಿಯೂ ಬಂತು. ಚಿತ್ರದ ರಾಷ್ಟ್ರಭಕ್ತಿಯ ಬಗ್ಗೆ ನನಗೆ ಹೆಚ್ಚು ಹೇಳೋದಿಲ್ಲ. ಸೋತ ಯುದ್ಧದ ಮೇಲೆ ಅಷ್ಟು ಹಾಡು ಕಟ್ಟಿದ್ದೇ ಒಂದು ಆಶ್ಚರ್ಯ. ಒಂದನ್ನು ಮಾತ್ರ ಒಪ್ಪಬೇಕು: ಲಡಾಖಿನ ಬೋಳು ಬೆಟ್ಟದ ಮುಂದೆ ಸಿಪಾಯಿ ಎಷ್ಟು ಸಣ್ಣವನು ಅಂತ ಆ ಕಪ್ಪು ಬಿಳುಪು ಚಿತ್ರ ತೋರಿಸುತ್ತೆ. ಭಾಷಣ ಮಾಡುವವರು ದಿಲ್ಲಿಯಲ್ಲಿ, ಸಾಯುವವನು ಹಿಮದಲ್ಲಿ. ಜಾಗ ತಾನೇ ಆ ಮಾತನ್ನು ಆಡುತ್ತೆ.

ಈಗ 'ಗರ್ಮ್ ಹವಾ'. ಹಾಸನದ ಹಾಸ್ಟೆಲಿನಲ್ಲಿ ಮೂರು ಜನ ಒಂದೇ ಮೊಬೈಲಿಗೆ ತಲೆ ಕೊಟ್ಟು ನಾನು ಅದನ್ನು ಮೊದಲು ನೋಡಿದೆ. ಉರ್ದು ನಮಗೆ ಅರ್ಧಂಬರ್ಧ. ಆದರೂ ಆ ಅಜ್ಜಿ ಸೌದೆ ಕೋಣೆಯೊಳಗೆ ಬಚ್ಚಿಟ್ಟುಕೊಂಡಾಗ ಮೂವರೂ ಮಾತಾಡಲಿಲ್ಲ.

ಕತೆ ಗೊತ್ತಿಲ್ಲದವರಿಗೆ ಹೇಳ್ತೀನಿ. ದೇಶ ಒಡೆದ ಹೊತ್ತು, ಆಗ್ರಾ. ಸಲೀಂ ಮಿರ್ಜಾ ಅನ್ನೋನು ಜೋಡಿನ ಕಾರ್ಖಾನೆ ಇಟ್ಟುಕೊಂಡವನು. ಬಲರಾಜ್ ಸಾಹ್ನಿ ಆ ಪಾತ್ರ. ಅಣ್ಣ ಪಾಕಿಸ್ತಾನಕ್ಕೆ ಹೋಗ್ತಾನೆ. ಹವೇಲಿ ಅಣ್ಣನ ಹೆಸರಲ್ಲಿದೆ. ಹೋದವರ ಆಸ್ತಿ ಸರ್ಕಾರದ್ದು ಅಂತ ಕಾನೂನು ಬಂದಿದೆ. ನಿರ್ವಸಿತರ ಆಸ್ತಿ ಕಾಯ್ದೆ, 1950. ಮನೆಯಲ್ಲಿ ಇನ್ನೂ ಬದುಕುತ್ತಾ ಇರುವವರು ಒಂದು ಬೆಳಗ್ಗೆ ಬೇರೆಯವರ ಮನೆಯಲ್ಲಿ ಇರುವವರಾಗ್ತಾರೆ. ಮನೆ ಸಿಂಧಿನಿಂದ ಬಂದ ಅಜಮಾನಿ ಅನ್ನೋ ವ್ಯಾಪಾರಿಗೆ ಹೋಗುತ್ತೆ. ಅವನೂ ಕೆಟ್ಟವನಲ್ಲ, ಅವನೂ ಅಲ್ಲಿ ಮನೆ ಬಿಟ್ಟು ಬಂದವನೇ. ಮಿರ್ಜಾ ಬಾಡಿಗೆ ಮನೆ ಹುಡುಕ್ತಾ ಬೀದಿ ಬೀದಿ ಸುತ್ತಾನೆ. ಮುಸಲ್ಮಾನನಿಗೆ ಮನೆ ಇಲ್ಲ. ಬೆಂಗಳೂರಿನಲ್ಲಿ, ಮೈಸೂರಿನಲ್ಲಿ ಬಾಡಿಗೆ ಮನೆ ಹುಡುಕಿ 'ನೀವು ಯಾವ ಜನ' ಅಂತ ಕೇಳಿಸಿಕೊಂಡವರಿಗೆ ಈ ಭಾಗವನ್ನು ಬಿಡಿಸಿ ಹೇಳಬೇಕಾಗಿಲ್ಲ.

ಇಸ್ಮತ್ ಚುಗ್ತಾಯಿ ಅವರ ಪ್ರಕಟವಾಗದ ಒಂದು ಕತೆಯನ್ನು ಹಿಡಿದು ಕೈಫಿ ಆಜ್ಮಿ, ಶಮಾ ಜೈದಿ ಚಿತ್ರಕತೆ ಮಾಡಿದರು. ಶಮಾ ಸತ್ಯು ಅವರ ಹೆಂಡತಿ, ಹಿಂದುಸ್ತಾನಿ ಥಿಯೇಟರಿನ ಖುದ್ಸಿಯಾ ಬೇಗಂ ಅವರ ಮಗಳು. ಫಿಲ್ಮ್ ಫೈನಾನ್ಸ್ ಕಾರ್ಪೊರೇಷನ್ ಕೊಟ್ಟ ಸಾಲ ಎರಡೂವರೆ ಲಕ್ಷ, ಮಿಕ್ಕದ್ದು ಕೈಸಾಲ. ಸೆಟ್ಟು ಕಟ್ಟೋಕೆ ದುಡ್ಡೇ ಇರಲಿಲ್ಲ. ಆಗ್ರಾದ ಪೀಪಲ್ ಮಂಡಿಯಲ್ಲಿ ಇದ್ದ ಒಂದು ನಿಜವಾದ ಹಳೇ ಹವೇಲಿಯಲ್ಲೇ ಚಿತ್ರ ತೆಗೆದರು. ಊರಿನಲ್ಲಿ ವಿರೋಧ ಎದ್ದಾಗ, ಫಿಲ್ಮೇ ಹಾಕದ ಕ್ಯಾಮೆರಾ ಕೊಟ್ಟು ಇನ್ನೊಂದು ತಂಡವನ್ನು ಬೇರೆ ಕಡೆ ಕಳಿಸಿ, ಗದ್ದಲ ಅತ್ತ ಹೋದಾಗ ಇತ್ತ ಕೆಲಸ ಮುಗಿಸಿಕೊಂಡರಂತೆ. ಧ್ವನಿಯನ್ನು ಆಮೇಲೆ ಸೇರಿಸಿದರು. ಬಲರಾಜ್ ಸಾಹ್ನಿ ತಮ್ಮ ಪಾತ್ರಕ್ಕೆ ದನಿ ಕೊಟ್ಟು ಮುಗಿಸಿದ ಮಾರನೇ ದಿನ, 1973ರ ಏಪ್ರಿಲ್ 13ರಂದು ತೀರಿಕೊಂಡರು. ಕೋಮು ಗಲಭೆ ಆಗುತ್ತೆ ಅಂತ ಸೆನ್ಸಾರಿನವರು ತಿಂಗಳುಗಟ್ಟಲೆ ಚಿತ್ರವನ್ನು ಹಿಡಿದಿಟ್ಟುಕೊಂಡರು. 1974ರಲ್ಲಿ ಬಿಡುಗಡೆಯಾಯಿತು, ರಾಷ್ಟ್ರೀಯ ಭಾವೈಕ್ಯದ ಪ್ರಶಸ್ತಿಯನ್ನೂ ಕೊಟ್ಟರು. ಹೊಡೆಯೋರೂ ಅವರೇ, ಹಾರ ಹಾಕೋರೂ ಅವರೇ.

ಸೆಟ್ಟು ಕಟ್ಟುವವನ ಕಣ್ಣು ಇಲ್ಲಿ ಏನು ಮಾಡಿತು? ಆ ಹವೇಲಿಯನ್ನು ಅದು ಹಿನ್ನೆಲೆಯಾಗಿ ನೋಡಲಿಲ್ಲ. ಅಂಗಳ, ಮಾಳಿಗೆ, ಜಾಲರಿ ಕಿಟಕಿ, ಹೆಂಗಸರ ಕಡೆ, ಗಂಡಸರ ಕಡೆ, ಸೌದೆ ಕೋಣೆ, ಎಲ್ಲವೂ ನಮಗೆ ಪಾಠ ಆಗಿಹೋಗುತ್ತೆ. ಆ ಮನೆಯಲ್ಲಿ ಕತ್ತಲಲ್ಲೂ ನಡೆಯಬಹುದು ಅನ್ನಿಸುತ್ತೆ. ಹಾಗೆ ಪಾಠ ಮಾಡಿಸಿ ಆಮೇಲೆ ಕಿತ್ತುಕೊಳ್ತಾರೆ. ಬಾಡಿಗೆ ಮನೆ ಇಕ್ಕಟ್ಟು. ಹವೇಲಿಯಲ್ಲಿ ದೂರ ದೂರ ನಿಂತು ಮಾತಾಡುತ್ತಿದ್ದವರು ಈಗ ಒಬ್ಬರ ಉಸಿರು ಒಬ್ಬರಿಗೆ ತಾಗುವ ಹಾಗೆ ಇದ್ದಾರೆ. ಯಾರೂ ಅದನ್ನು ಬಾಯಿಬಿಟ್ಟು ಹೇಳಲ್ಲ. ಗೋಡೆ ಹೇಳುತ್ತೆ. ಸಾಯುವ ಹೊತ್ತಿಗೆ ಅಜ್ಜಿಯನ್ನು ಡೋಲಿಯಲ್ಲಿ ಹೊತ್ತು ಹಳೇ ಮನೆಗೆ ತರ್ತಾರೆ. ಮದುವಣಗಿತ್ತಿಯಾಗಿ ಇದೇ ಬಾಗಿಲಿಗೆ ಡೋಲಿಯಲ್ಲಿ ಬಂದವಳು. ಬೇರೆಯವನ ಮನೆಯಾದ ತನ್ನ ಮನೆಯಲ್ಲಿ ಅವಳ ಉಸಿರು ಹೋಗುತ್ತೆ.

ಇನ್ನೊಂದು ಸಣ್ಣ ಎಳೆ ಇದೆ, ನನಗೆ ಅದೇ ದೊಡ್ಡದಾಗಿ ಕಾಣುತ್ತೆ. ಮಿರ್ಜಾ ಹವೇಲಿಯ ನಕ್ಷೆಯನ್ನು ಕರಾಚಿಯಲ್ಲಿರುವ ಅಣ್ಣನಿಗೆ ಕಳಿಸ್ತಾನೆ. ಗುಪ್ತಚರದವರು ಅವನನ್ನು ಬೇಹುಗಾರ ಅಂತ ಹಿಡಿಯುತ್ತಾರೆ. ಕೋರ್ಟು ಬಿಟ್ಟರೂ ಊರು ಬಿಡುವುದಿಲ್ಲ. ಒಂದು ಮನೆಯ ನಕ್ಷೆ! ಜೀವನವೆಲ್ಲ ನಕ್ಷೆ ಬರೆದು ಮನೆ ಕಟ್ಟಿದವನೊಬ್ಬ ಮಾಡಿದ ಚಿತ್ರದಲ್ಲಿ, ಮನೆಯ ನಕ್ಷೆ ದೇಶದ್ರೋಹದ ಸಾಕ್ಷಿಯಾಗುತ್ತೆ. ತನ್ನ ಮನೆ ಹೀಗಿತ್ತು ಅಂತ ಹೇಳುವುದೇ ಅಪರಾಧ ಆಗುವ ಕಾಲ ಅದು. ಆ ಕಾಲ ಮುಗಿದಿದೆ ಅಂತ ನನಗೆ ಅನ್ನಿಸಿಲ್ಲ.

ಇಷ್ಟು ಹೊಗಳಿದ ಮೇಲೆ ನಮ್ಮ ಲೆಕ್ಕವನ್ನೂ ಕೇಳಬೇಕು. ಮಿರ್ಜಾನದು ಜೋಡಿನ ಕಾರ್ಖಾನೆ. ಆಗ್ರಾದಲ್ಲಿ ಜೋಡು ಹೊಲಿದವರು ಯಾರು? ಬಹುಪಾಲು ಜಾಟವರು, ನಮ್ಮ ಜನ. ಚರ್ಮ ಹದ ಮಾಡಿ, ಅಟ್ಟೆ ಕೊಯ್ದು, ದಾರ ಎಳೆದು ಆ ಊರಿನ ಹೆಸರನ್ನು ದೇಶಕ್ಕೆಲ್ಲ ಗೊತ್ತು ಮಾಡಿದವರು ಅವರು. ಅಂಬೇಡ್ಕರ್ ಚಳವಳಿ ಗಟ್ಟಿಯಾಗಿ ಬೇರು ಬಿಟ್ಟ ಊರುಗಳಲ್ಲಿ ಆಗ್ರಾ ಒಂದು; 1956ರ ಮಾರ್ಚ್ 18ರಂದು ಬಾಬಾಸಾಹೇಬರು ಅಲ್ಲಿಗೆ ಬಂದು ಮಾತಾಡಿದ್ದರು. ಈ ಚಿತ್ರ ಕಾರ್ಖಾನೆಯೊಳಗೆ ಹೋಗುತ್ತೆ, ಚರ್ಮ ಕಾಣುತ್ತೆ, ಕುಶಲಕರ್ಮಿಗಳೂ ಕಾಣ್ತಾರೆ. ಆದರೆ ಸಂಜೆ ಕೆಲಸ ಮುಗಿಸಿ ಅವರು ಯಾವ ಮನೆಗೆ ಹೋಗ್ತಾರೆ? ಕ್ಯಾಮೆರಾ ಅವರ ಹಿಂದೆ ಹೋಗುವುದಿಲ್ಲ. ಅದು ಮಾಲೀಕನ ಜೊತೆ ಟಾಂಗಾ ಹತ್ತಿ ಹವೇಲಿಗೆ ಬರುತ್ತೆ. ಕೊನೆಗೆ ಮಿರ್ಜಾ ಎಲ್ಲವನ್ನೂ ಕಳಕೊಂಡು ತಾನೇ ಕೂತು ಜೋಡು ಹೊಲಿಯುತ್ತಾನೆ. ನೋಡುವವರ ಎದೆ ಒಡೆಯುತ್ತೆ. ಒಡೆಯಲಿ. ಆದರೆ ಹುಟ್ಟಿದಾಗಿನಿಂದ ಕೂತು ಜೋಡು ಹೊಲಿದವನಿಗೆ ಯಾರ ಎದೆಯೂ ಒಡೆಯಲಿಲ್ಲ ಅನ್ನೋದನ್ನು ಹೇಳದೆ ನಾನು ಈ ಚಿತ್ರವನ್ನು ಹೊಗಳಲಾರೆ.

ಗೆಳೆಯರು ಕೆಲವರು, 'ಬಿಡೋ, ಮೈಸೂರಿನ ಬ್ರಾಹ್ಮಣರ ಹುಡುಗ, ಇನ್ನೇನು ಕಾಣುತ್ತೆ ಅವನಿಗೆ' ಅಂತ ಒಂದೇ ಮಾತಿಗೆ ಮುಗಿಸ್ತಾರೆ. ಆ ವಿಮರ್ಶೆ ನನಗೆ ಬೇಡ. ಹುಟ್ಟಿನಿಂದ ಅಳೆಯೋದು ಅವರ ಕೆಲಸ, ನಮ್ಮದಲ್ಲ. ಜಾತಿ ಧರ್ಮದ ಗೋಡೆಯನ್ನು ಮನೆಯೊಳಗೇ ಒಡೆದುಕೊಂಡವರು ಸತ್ಯು, ಎಡಪಂಥದ ರಂಗಭೂಮಿಯ ಜೊತೆ ನಿಂತವರು. ತನ್ನದಲ್ಲದ ಒಂದು ಮುಸ್ಲಿಂ ಮನೆಯ ಒಳಗನ್ನು ಅಷ್ಟು ಚೆನ್ನಾಗಿ ಕಂಡವರಿಗೆ ಕೇರಿಯ ಒಳಗು ಕಾಣದೇ ಹೋಗಬೇಕಾಗಿರಲಿಲ್ಲ. ಪ್ರಶ್ನೆ ಹುಟ್ಟಿನದಲ್ಲ, ಒಡನಾಟದ್ದು. ಹವೇಲಿಯ ವಿಷಯದಲ್ಲಿ ಅವರ ಪಕ್ಕದಲ್ಲಿ ಇಸ್ಮತ್ ಇದ್ದರು, ಕೈಫಿ ಇದ್ದರು, ಶಮಾ ಇದ್ದರು; ಆ ಬಾಗಿಲ ಒಳಗೆ ಬೆಳೆದವರು ಇದ್ದರು. ಕೇರಿಯ ವಿಷಯ ಬಂದಾಗ ಪಕ್ಕದಲ್ಲಿ ಯಾರಿದ್ದರು?

ಕನ್ನಡಕ್ಕೆ ಅವರು ಬಂದದ್ದು 1977ರಲ್ಲಿ, 'ಕನ್ನೇಶ್ವರ ರಾಮ'ದೊಂದಿಗೆ. ಎಸ್.ಕೆ. ನಾಡಿಗರ ಕಾದಂಬರಿ, ಬಿ.ವಿ. ಕಾರಂತರ ಸಂಗೀತ, ಅನಂತನಾಗ್, ಶಬಾನಾ ಆಜ್ಮಿ. ವ್ಯವಸ್ಥೆಯ ವಿರುದ್ಧ ಎದ್ದು ದರೋಡೆಕೋರನಾದವನ ಕತೆ. ತುರ್ತು ಪರಿಸ್ಥಿತಿಯ ಬಿಸಿ ಆರದ ಆ ವರ್ಷ ಅಂಥ ಕತೆ ಬಂದದ್ದೇ ಒಂದು ಧೈರ್ಯ. ಮರುವರ್ಷದ 'ಚಿತೆಗೂ ಚಿಂತೆ' ರಾಜಕೀಯದ ಅಣಕ. ಅದರ ಬಗ್ಗೆ ಇಲ್ಲಿ ಬೇಡ.

'ಬರ' ಬಗ್ಗೆ ನಿಲ್ಲಬೇಕು. 1980ರ ದಶಕದ ಆರಂಭದ್ದು, ಯು.ಆರ್. ಅನಂತಮೂರ್ತಿಯವರ ಕತೆ, ಹಿಂದಿಯಲ್ಲಿ 'ಸೂಖಾ'. ಒಬ್ಬ ಪ್ರಾಮಾಣಿಕ ಜಿಲ್ಲಾಧಿಕಾರಿ, ಅನಂತನಾಗ್. ಜಿಲ್ಲೆಗೆ ಬರ ಬಂದಿದೆ. ಬರಪೀಡಿತ ಅಂತ ಘೋಷಿಸಿದರೆ ನೆರವು ಬರುತ್ತೆ. ಘೋಷಣೆ ಮಾಡೋದಕ್ಕೆ ರಾಜಕೀಯದವರ ಲೆಕ್ಕಾಚಾರ ಅಡ್ಡ. ನೆಲ ಬಿರಿದಿದೆ, ಕೊನೆಗೆ ಹಿಂದೂ ಮುಸ್ಲಿಂ ಬೆಂಕಿ. ಅಧಿಕಾರಶಾಹಿ ಹೇಗೆ ಕೆಲಸ ಮಾಡುತ್ತೆ, ಒಳ್ಳೆಯವನೊಬ್ಬ ಅದರೊಳಗೆ ಹೇಗೆ ಕೈಕಟ್ಟಿ ಕೂರಬೇಕಾಗುತ್ತೆ ಅನ್ನೋದನ್ನು ಇಷ್ಟು ನೇರವಾಗಿ ಹೇಳಿದ ಕನ್ನಡ ಚಿತ್ರ ಕಡಿಮೆ. ಇದು ನಿಜ. ಆದರೆ ಇದು ಬರ ಅನುಭವಿಸಿದವನ ಕತೆ ಅಲ್ಲ, ಬರ ಘೋಷಿಸಬೇಕಾದವನ ಕತೆ. ಆಯಕಟ್ಟಿನ ಜಾಗ ಬಂಗಲೆ, ಕಚೇರಿ, ಜೀಪು. ಕೊಡ ಹಿಡಿದು ನಿಂತವರು ಬಿರುಕು ಬಿಟ್ಟ ನೆಲದ ಹಾಗೆ, ನೋಟದ ಒಂದು ಭಾಗ. ಹವೇಲಿಯಲ್ಲಿ ಸೌದೆ ಕೋಣೆಯವರೆಗೂ ನಮ್ಮನ್ನು ಕರಕೊಂಡು ಹೋದ ಅದೇ ಕಣ್ಣು, ಬರ ಬಿದ್ದ ಊರಿನ ಕೇರಿಯಲ್ಲಿ ಯಾವ ಮನೆಯಲ್ಲಿ ಒಲೆ ಹತ್ತಲಿಲ್ಲ ಅಂತ ಬಗ್ಗಿ ನೋಡುವುದಿಲ್ಲ. ಬರ ಎಲ್ಲರಿಗೂ ಬಂದರೂ ಬಾವಿ ಎಲ್ಲರಿಗೂ ಒಂದೇ ಅಲ್ಲ. ಊರ ಬಾವಿ ಬತ್ತುವ ಮೊದಲು ಕೇರಿಯ ಹಳ್ಳ ಬತ್ತಿರುತ್ತೆ.

ಮೂವತ್ತು ವರ್ಷ ಕಳೆದ ಮೇಲೆ 2010ರಲ್ಲಿ 'ಇಜ್ಜೋಡು' ಬಂತು. ಇಜ್ಜೋಡು ಅಂದರೆ ಜೊತೆಯಾಗದ ಜೋಡಿ. ಈ ಸಲ ಸತ್ಯು ನೇರವಾಗಿ ನಮ್ಮ ಗಾಯಕ್ಕೇ ಕೈಹಾಕಿದರು: ಬಸವಿ ಬಿಡುವ ಪದ್ಧತಿ. 1982ರಲ್ಲಿ ಕರ್ನಾಟಕ ದೇವದಾಸಿ ಸಮರ್ಪಣೆ ನಿಷೇಧ ಕಾಯ್ದೆ ಬಂದ ಮೇಲೂ ಸಾಯದ ಪದ್ಧತಿ. ದೇವರ ಹೆಸರಲ್ಲಿ ಹೆಚ್ಚಾಗಿ ಕೇರಿಯ ಹೆಣ್ಣುಮಕ್ಕಳನ್ನೇ ಊರಿಗೆ ಬಿಡುವ ಪದ್ಧತಿ. ಎಂಬತ್ತರ ಅಂಚಿನಲ್ಲಿದ್ದ ಮನುಷ್ಯ ಈ ವಿಷಯ ಎತ್ತಿಕೊಂಡದ್ದಕ್ಕೆ ನಾವು ಋಣಿ. ಆದರೆ ಇಲ್ಲೂ ಕತೆಯೊಳಗೆ ಹೋಗುವುದು ಯಾರ ಹಿಂದೆ? ಪಟ್ಟಣದಿಂದ ಬಂದ ಒಬ್ಬ ಪತ್ರಿಕಾ ಛಾಯಾಗ್ರಾಹಕನ ಹಿಂದೆ. ಅವನು ನೋಡ್ತಾನೆ, ಮರುಗುತ್ತಾನೆ, ಪ್ರೀತಿಸ್ತಾನೆ. ಬಸವಿಯಾದವಳು ನೋಡಲ್ಪಡುತ್ತಾಳೆ. 'ಬರ'ದಲ್ಲಿ ಜೀಪಿನ ಗಾಜು, 'ಇಜ್ಜೋಡು'ವಿನಲ್ಲಿ ಕ್ಯಾಮೆರಾದ ಗಾಜು. ಮಿರ್ಜಾನ ಮನೆಗೆ ನಾವು ಯಾವ ಗಾಜಿನಿಂದಲೂ ನೋಡಿರಲಿಲ್ಲ, ಒಳಗೇ ಕೂತಿದ್ದೆವು. ಇಡೀ ವೃತ್ತಿಜೀವನದಲ್ಲಿ ಸತ್ಯು ಅವರ ಬಲ ಎಲ್ಲಿತ್ತು, ಅದು ಎಲ್ಲಿಗೆ ಬಂದು ನಿಂತಿತು ಅನ್ನೋದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಡ.

ಇದು ಅವರೊಬ್ಬರ ಕತೆ ಅಲ್ಲ. ಕನ್ನಡದ ಹೊಸ ಅಲೆಯ ಚಿತ್ರಗಳನ್ನು ಸಾಲಾಗಿ ಇಟ್ಟು ನೋಡಿ. 1970ರ 'ಸಂಸ್ಕಾರ'ದಲ್ಲಿ ಕಲಾವಿದ ಎಸ್.ಜಿ. ವಾಸುದೇವ್ ಕಲಾ ನಿರ್ದೇಶನ ಮಾಡಿದರು. ಆ ಅಗ್ರಹಾರದ ಜಗಲಿ, ಕಂಬ, ಹಿತ್ತಿಲು ಎಲ್ಲ ಮುಟ್ಟಿ ನೋಡುವಷ್ಟು ಹತ್ತಿರ. 1997ರ 'ತಾಯಿ ಸಾಹೇಬ'ದ ವಾಡೆಯ ಕೆಲಸಕ್ಕೆ ರಮೇಶ್ ದೇಸಾಯಿ ಅವರಿಗೆ ರಾಷ್ಟ್ರಪ್ರಶಸ್ತಿ ಬಂತು. ಅಗ್ರಹಾರಕ್ಕೆ, ವಾಡೆಗೆ, ತೊಟ್ಟಿಮನೆಗೆ ಕನ್ನಡ ಸಿನಿಮಾ ಕೊಟ್ಟ ಕಣ್ಣು ದೊಡ್ಡದು. ಗುಡಿಸಲು ಅಂದ ಕೂಡಲೇ ಎಲ್ಲಾ ಗುಡಿಸಲೂ ಒಂದೇ ಥರ: ನಾಲ್ಕು ಗಳ, ಒಂದು ಹರಕು ಚಾಪೆ, ಒಂದು ಬುಡ್ಡಿ ದೀಪ. ಬಡವನ ಮನೆಯಲ್ಲಿ ಸಾಮಾನು ಇಲ್ಲದ್ದರಿಂದ ವಿವರವೂ ಇಲ್ಲ ಅಂತ ಇವರು ತಿಳಿದಿದ್ದಾರೆ. 'ಚೋಮನ ದುಡಿ' ಮಾತ್ರ ಒಂದು ಅಪವಾದ. 1975ರಲ್ಲಿ ಬಿ.ವಿ. ಕಾರಂತರು ಮಾಡಿದ ಆ ಚಿತ್ರದಲ್ಲಿ ಗುಡಿಸಲ ಒಳಗಿನ ಒಂದೇ ಒಂದು ವಸ್ತು, ಆ ದುಡಿ, ಇಡೀ ಮನೆಯ ಆಸ್ತಿ, ಸಿಟ್ಟು, ಹೆಂಡ, ಸಾವು ಎಲ್ಲವೂ ಆಗುತ್ತೆ. ವಿವರ ಎಂದರೆ ಅದು.

ಆಮೇಲೆ ಬೇರೆ ಭಾಷೆಯಲ್ಲಿ ನಮ್ಮವರೇ ಕ್ಯಾಮೆರಾ ಹಿಂದೆ ನಿಂತರು. ನಾಗರಾಜ ಮಂಜುಳೆಯವರ 'ಫ್ಯಾಂಡ್ರಿ', 2013. ಹಂದಿ ಹಿಡಿದು, ಕೋಲಿಗೆ ಕಟ್ಟಿ, ಆ ಕುಟುಂಬ ಹೊತ್ತು ನಡೆಯುತ್ತೆ. ಹಿಂದೆ ಶಾಲೆಯ ಗೋಡೆ. ಗೋಡೆಯ ಮೇಲೆ ಅಂಬೇಡ್ಕರ್, ಫುಲೆ, ಸಾವಿತ್ರಿಬಾಯಿ, ಶಾಹು ಮಹಾರಾಜರ ಚಿತ್ರ. ಯಾರೂ ಮಾತಾಡುವುದಿಲ್ಲ. ಎಲ್ಲಾ ಸರ್ಕಾರಿ ಶಾಲೆಯ ಗೋಡೆಯ ಮೇಲೂ ಇರುವ ಚಿತ್ರಗಳೇ ಅವು. ನಾವು ಅದರ ಮುಂದೆ ಹತ್ತು ವರ್ಷ ಓಡಾಡಿದವರು. ಹಂದಿ ಹೊತ್ತು ಓಡಾಡಿದವನಿಗೆ ಮಾತ್ರ ಆ ಗೋಡೆ ಹಾಗೆ ಕಾಣೋದು. ಪಾ. ರಂಜಿತ್ ಅವರ 'ಕಾಲಾ', 2018: ಟಿ. ರಾಮಲಿಂಗಂ ಕಲಾ ನಿರ್ದೇಶನದಲ್ಲಿ ಧಾರಾವಿಯನ್ನೇ ಚೆನ್ನೈಯಲ್ಲಿ ಸೆಟ್ಟು ಹಾಕಿದರು. ರಜನಿಯ ಹಾರಾಟ ನನಗೆ ಅಷ್ಟು ರುಚಿಸಲಿಲ್ಲ, ಆದರೆ ಎದುರಾಳಿಯ ಬೆಳ್ಳಗೆ ತೊಳೆದಿಟ್ಟ ಮನೆ, ಇವರ ಕಪ್ಪು, ಆ ಬಣ್ಣದ ಲೆಕ್ಕ ಮಕ್ಕಳಿಗೂ ತಿಳಿಯುತ್ತೆ. ಸತ್ಯು ಹವೇಲಿಗೆ ಮಾಡಿದ ಕೆಲಸವನ್ನು ಇವರು ಕೇರಿಗೆ, ಕೊಳೆಗೇರಿಗೆ ಮಾಡಿದ್ದಾರೆ. ಕನ್ನಡದಲ್ಲಿ?

ನಮ್ಮ ಸೀಮೆಗೆ ಶೂಟಿಂಗಿನವರು ಬರ್ತಾನೇ ಇರ್ತಾರೆ. ಸಕಲೇಶಪುರದ ರಸ್ತೆ, ಬಿಸಿಲೆ ಕಾಡು, ಕಾಫಿ ಹೂ ಬಿಟ್ಟಾಗ ಒಂದು ಹಾಡು, ಮಳೆಯಲ್ಲಿ ಒಂದು ಪ್ರೇಮ. ಹೆತ್ತೂರಿನ ಮೇಲೆ ಮಂಜು ಇಳಿಯೋದು ಕ್ಯಾಮೆರಾಕ್ಕೆ ಚೆಂದ. ಅದೇ ಮಂಜಿನೊಳಗೆ ಹಣ್ಣು ಕೊಯ್ಯುವವರು ಕಾಣದಂತೆ ಕ್ಯಾಮೆರಾ ಇಡೋದೂ ಒಂದು ಕಲೆಯೇ ಇರಬೇಕು. ಎಸ್ಟೇಟಿನ ಬಂಗಲೆ ಬಂದಿದೆ ಎಷ್ಟೋ ಚಿತ್ರಗಳಲ್ಲಿ, ಕೆಂಪು ಹಂಚು, ಹೂವಿನ ಕುಂಡ, ಬೆತ್ತದ ಕುರ್ಚಿ. ಲೈನ್ ಮನೆ ಬಂದಿಲ್ಲ.

ಲೈನ್ ಮನೆ ಅಂದರೆ ಏನು ಅಂತ ಬಯಲುಸೀಮೆಯ ಗೆಳೆಯರು ಕೇಳ್ತಾರೆ. ತೋಟದ ಕಾರ್ಮಿಕರಿಗೆ ಮಾಲೀಕರೇ ವಸತಿ ಕೊಡಬೇಕು ಅಂತ 1951ರ ಪ್ಲಾಂಟೇಷನ್ ಲೇಬರ್ ಕಾಯ್ದೆ ಬಂತು. ಒಂದೇ ಉದ್ದನೆಯ ಸೂರು, ಒಳಗೆ ಅಡ್ಡಗೋಡೆ ಎಳೆದು ಎಳೆದು ಮನೆ ಮನೆ ಮಾಡಿದ್ದು. ಮುಂದೆ ಒಂದು ಜಗಲಿ, ಒಳಗೆ ಒಂದು ಕೋಣೆ, ಹಿಂದೆ ಒಲೆ. ಕೆಲಸ ಇರೋವರೆಗೆ ಮನೆ. ಕೆಲಸ ಹೋದರೆ, ಮೈಕೈ ಬಿದ್ದುಹೋದರೆ, ರೈಟ್ರ ಎದುರು ಒಂದು ಮಾತು ಹೆಚ್ಚು ಆಡಿದರೆ, ಮನೆಯೂ ಹೋಯ್ತು. ನಾನು ಹುಟ್ಟಿದ್ದು 'ಲೈನಿ'ನಲ್ಲೇ, ಬಿಟ್ಟು ಬಂದದ್ದು ನನ್ನ ಏಳನೇ ಕ್ಲಾಸಿನಲ್ಲಿ, ಅಪ್ಪನಿಗೆ ಸೊಂಟ ಹಿಡಿದ ವರ್ಷ. ಯಾವ ಕಾಯ್ದೆಯ ನೋಟೀಸೂ ಬರಲಿಲ್ಲ, ಯಾವ ಅಮೀನನೂ ಬರಲಿಲ್ಲ. ಮೇಸ್ತ್ರಿ ಬಂದು ಅಪ್ಪನಿಗೆ 'ಸುಗ್ಗಿ ಮುಗಿಯೋಷ್ಟರಲ್ಲಿ ಜಾಗ ನೋಡ್ಕೊ' ಅಂದ, ಅಷ್ಟೆ. ಅವ್ವ ಒಲೆಯ ಮೂರು ಕಲ್ಲನ್ನೂ ಕಿತ್ತು ಚೀಲಕ್ಕೆ ಹಾಕಿಕೊಂಡಳು. ಹಾಸ್ಟೆಲಿನಲ್ಲಿ ಆ ಮುದುಕಿ ಸೌದೆ ಕೋಣೆ ಬಿಡಲ್ಲ ಅಂತ ಹಟ ಹಿಡಿದಾಗ ನನಗೆ ಕಂಡದ್ದು ಆ ಕಲ್ಲುಗಳು. ಅಷ್ಟರ ಮಟ್ಟಿಗೆ ಮಿರ್ಜಾ ನನ್ನ ನೆಂಟ. ಆದರೆ ಮಿರ್ಜಾನಿಗೆ ಕಳಕೊಳ್ಳೋದಕ್ಕೆ ಕಾಗದದ ಮೇಲೆ ಒಂದು ಮನೆ ಇತ್ತು.

ಹಾಗಾಗಿ ಸತ್ಯು ಅವರ ಚಿತ್ರವನ್ನು ನಾವು ಕಲಿಯೋದಕ್ಕೆ ನೋಡಬೇಕು ಅಂತೀನಿ. ಬರೀ ಬಯ್ಯೋಕಲ್ಲ, ಕೈಮುಗಿಯೋಕೂ ಅಲ್ಲ. ಒಂದು ಮನೆಯನ್ನು ಹೇಗೆ ಪಾಠ ಮಾಡಿಸಬೇಕು ಅನ್ನೋದು ಅಲ್ಲಿದೆ. ನಮ್ಮ ಹುಡುಗರು ಸಿನಿಮಾ ಅಂದರೆ ನಟನೆ, ನಿರ್ದೇಶನ ಅಂತ ಮಾತ್ರ ಕನಸು ಕಾಣ್ತಾರೆ. ಬಡಗಿ ಕೆಲಸ, ಗಾರೆ ಕೆಲಸ, ಬಣ್ಣದ ಕೆಲಸ ನಮ್ಮ ಮನೆಗಳಲ್ಲೇ ಇದೆ. ಬೆಂಗಳೂರಿನ ಸೆಟ್ಟುಗಳಲ್ಲಿ ಪ್ಲೈವುಡ್ ಹೊಡೆದು, ಪ್ಲಾಸ್ಟರ್ ಬಳಿದು, ಹೊಸ ಗೋಡೆಯನ್ನು ನೂರು ವರ್ಷದ ಗೋಡೆ ಮಾಡುವವರ ಹೆಸರು ಟೈಟಲ್ಲಿನಲ್ಲಿ ಬರಲ್ಲ. ಅವರಲ್ಲಿ ನಮ್ಮವರೂ ಇದ್ದಾರೆ. ಅರಮನೆ ಕಟ್ಟೋಕೆ ಕರೆದಾಗ ಹೋಗ್ತಾರೆ, ದಿನಗೂಲಿ ತಗೊಂಡು ಬರ್ತಾರೆ. ಲೈನ್ ಮನೆ ಕಟ್ಟು ಅಂತ ಅವರನ್ನು ಯಾರೂ ಕೇಳಿಲ್ಲ.

ಕೇಳುವ ನಿರ್ದೇಶಕ ಯಾರಾದರೂ ಬಂದರೆ ಅವನಿಗೆ ಹೇಳೋಕೆ ನನ್ನ ಹತ್ತಿರ ಕೆಲವು ವಿಷಯ ಇದೆ. ಅಡ್ಡಗೋಡೆಯನ್ನು ಸೂರಿನವರೆಗೂ ಎತ್ತಬೇಡ, ಮೇಲೆ ಸಂದು ಬಿಡು. ಪಕ್ಕದ ಮನೆಯ ಕೆಮ್ಮು ಈ ಮನೆಗೆ ಕೇಳಬೇಕು. ಮಸಿ ಗೋಡೆ ಪೂರ್ತಿ ಬಳಿಯಬೇಡ, ಒಲೆಯ ಮೇಲಿಂದ ಸೂರಿನ ಕಡೆಗೆ ಹೋಗುವಾಗ ಅದು ಅಗಲ ಆಗುತ್ತೆ. ಜಗಲಿಯ ಗೂಟಕ್ಕೆ ಪ್ಲಾಸ್ಟಿಕ್ ಕೊಪ್ಪೆ, ಕೆಳಗೆ ಅದರ ನೀರು ತೊಟ್ಟಿಕ್ಕಿ ನೆಲ ಕುಳಿಬಿದ್ದಿರಬೇಕು. ಇಂಬಳಕ್ಕೆ ಹಚ್ಚೋ ಸುಣ್ಣದ ಡಬ್ಬಿ ಬಾಗಿಲ ಸಂದಿಯಲ್ಲಿ, ಕೈಗೆ ಸಿಗೋ ಹಾಗೆ. ಅಂಬೇಡ್ಕರ್ ಪಟ ಇಡ್ತೀಯಲ್ಲ, ನಡುಗೋಡೆಗೆ ಇಡಬೇಡ, ಅದು ಮಳೆಗಾಲದಲ್ಲಿ ಸೋರುತ್ತೆ. ನಮ್ಮವರು ಅದನ್ನು ಒಣಗಿದ ಜಾಗ ನೋಡಿ, ಅಕ್ಕಿ ಡಬ್ಬದ ಮೇಲೆ ಇಟ್ಟಿರ್ತಾರೆ. ಬಾಗಿಲು ಒಂದೇ. ಅದು ಬಂಗಲೆಯ ಕಡೆಗೆ ತೆರೆಯುತ್ತೆ.